ಕೆರೆ ಏರಿಯ ವೀರಗಲ್ಲು: ಮಂಟಪ, ಗೋಡೆಚಿತ್ರ, ಶಾಸನದ ಓದು – ಯಾವುದು ಮೊದಲು?

ಕೋಡಿನೀರು
ಹೊಸಕೋಟೆ ತಾಲ್ಲೂಕಿನ ಒಂದು ಊರು. ಕೆರೆ ಏರಿಯ ಬುಡದಲ್ಲಿ ಮೂರು ವೀರಗಲ್ಲುಗಳಿವೆ, ಕಾದಾಡಿ ಸತ್ತವರ ನೆನಪಿಗೆ ನೆಟ್ಟ ಕಲ್ಲು. ಎರಡರಲ್ಲಿ ಬರೀ ಶಿಲ್ಪ. ಮೂರನೆಯದರಲ್ಲಿ ಬಿಲ್ಲು ಹಿಡಿದ ಆಳು, ಅವನ ತಲೆಯ ಮೇಲಿನ ಪಟ್ಟಿಯಲ್ಲಿ ಏಳೆಂಟು ಸಾಲು ಅಕ್ಷರ. ಮೂರಕ್ಕೂ ಎನಾಮಲ್ ಪೇಂಟ್ ಬಳಿದಿದ್ದಾರೆ: ಮೈಗೆ ನೀಲಿ, ಅಂಚಿಗೆ ಕೆಂಪು. ವರ್ಷಕ್ಕೊಮ್ಮೆ ಪೂಜೆ ಆಗುತ್ತೆ. ಊರವರ ಬಾಯಲ್ಲಿ ಅದು ಮುನೇಶ್ವರ.

ಯುವಕ ಸಂಘದವರು ಹಣ ಕೂಡಿಸಿದ್ದಾರೆ. ಯೋಜನೆ ಹೀಗಿದೆ: ಪೇಂಟ್ ತೆಗೆದು ಕಲ್ಲು ತೊಳೆಯೋದು, ಶಾಲೆ ಪಕ್ಕಕ್ಕೆ ಸಾಗಿಸಿ ಮಂಟಪ ಕಟ್ಟೋದು, ಶಾಲೆಯ 30 ಅಡಿ ಕಾಂಪೌಂಡ್ ಗೋಡೆ ಮೇಲೆ ಮಕ್ಕಳ ಕೈಲಿ ಚಿತ್ರ ಬರೆಸೋದು, ರಾಜ್ಯೋತ್ಸವದ ದಿನ ಬೋರ್ಡ್ ಹಾಕೋದು. ಬಲ್ಲವರು ತಪ್ಪಿದ್ದ ಕಡೆ ತಿದ್ದಿ.

ಓರೆಬೆಳಕು
ಯೋಜನೆ ತಲೆಕೆಳಗಾಗಿದೆ. ಕಲ್ಲಲ್ಲಿ ಏನಿದೆ ಅಂತ ಓದದೆ ಗೋಡೆ ಮೇಲೆ ಏನು ಬರೆಸ್ತೀರಿ? ಮೊದಲು ದಾಖಲೆ, ಆಮೇಲೆ ಓದು, ಆಮೇಲೆ ಊರ ಸಭೆ, ಕೊನೆಗೆ ಬಣ್ಣ.

ಕಲ್ಲು ಮುಟ್ಟುವ ಮುಂಚೆ ಎಪಿಗ್ರಾಫಿಯಾ ಕರ್ನಾಟಿಕಾ (ಶಾಸನಗಳ ಮುದ್ರಿತ ಸಂಪುಟಗಳು) ನೋಡಿ. ಬಿ.ಎಲ್. ರೈಸ್ ಅವರ ಒಂಬತ್ತನೇ ಸಂಪುಟ, 1905ರದ್ದು, ಬೆಂಗಳೂರು ಜಿಲ್ಲೆಯದು. ಹೊಸಕೋಟೆ, ದೇವನಹಳ್ಳಿ, ನೆಲಮಂಗಲ, ಮಾಗಡಿ, ಆನೇಕಲ್ ಎಲ್ಲ ಅದರಲ್ಲೇ. ಶಾಸನಗಳಿಗೆ ತಾಲ್ಲೂಕುವಾರು ಸಂಖ್ಯೆ ಕೊಟ್ಟಿರೋದರಿಂದ ಊರ ಹೆಸರು ಹುಡುಕಿ. ಎರಡು ಕಡೆ ಎಡವುತ್ತೀರಿ. ಒಂದು, ಅಂದಿನ ತಾಲ್ಲೂಕಿನ ಗಡಿ ಇಂದಿನದಲ್ಲ, ಹಾಗಾಗಿ ಅಕ್ಕಪಕ್ಕದ ತಾಲ್ಲೂಕುಗಳನ್ನೂ ನೋಡಬೇಕು. ಇನ್ನೊಂದು, ಊರು ಬೇಚರಾಕ್ (ಜನ ಬಿಟ್ಟುಹೋದ ಹಾಳೂರು) ಆಗಿದ್ದರೆ ಕಲ್ಲು ಹಳೆಯ ಊರ ಹೆಸರಲ್ಲಿ ನಮೂದಾಗಿರುತ್ತೆ. ಭೂದಾಖಲೆ ಇಲಾಖೆಯ ಜಾಲತಾಣದಲ್ಲಿ ಗ್ರಾಮ ನಕ್ಷೆ ಸಿಗುತ್ತೆ, ಬೇಚರಾಕ್ ಗ್ರಾಮಗಳದ್ದೂ. ದೊಡ್ಡದಾಗಿ ಪ್ರಿಂಟ್ ಹಾಕಿಸಿ ಇಟ್ಟುಕೊಳ್ಳಿ, ಮುಂದೆ ಸಭೆಗೂ ಬೇಕಾಗುತ್ತೆ.

ಇನ್ನು ಫೋಟೋ. ನಡುಹಗಲ ಬಿಸಿಲಲ್ಲಿ ಎದುರಿಗೆ ನಿಂತು ಹೊಡೆದ ಫೋಟೋದಲ್ಲಿ ಅಕ್ಷರ ಕಾಣಲ್ಲ. ಕತ್ತಲಾದ ಮೇಲೆ ಕ್ಯಾಮೆರಾ ಸ್ಟ್ಯಾಂಡ್ ಮೇಲಿಟ್ಟು, ಒಬ್ಬರು ಟಾರ್ಚನ್ನು ಕಲ್ಲಿನ ಪಕ್ಕದಿಂದ, ಮೈಗೆ ಹೆಚ್ಚುಕಡಿಮೆ ತಾಗುವಷ್ಟು ಓರೆಯಾಗಿ ಹಿಡೀಬೇಕು. 10–15 ಡಿಗ್ರಿ ಸಾಕು. ಎಡದಿಂದ ಒಂದು, ಬಲದಿಂದ ಒಂದು, ಮೇಲಿಂದ ಒಂದು, ಕೆಳಗಿಂದ ಒಂದು. ಎಡದ ಬೆಳಕಲ್ಲಿ ಅಡ್ಡಗೆರೆ ಮಾಯವಾಗುತ್ತೆ, ಮೇಲಿನ ಬೆಳಕಲ್ಲಿ ಉದ್ದಗೆರೆ ಮಾಯವಾಗುತ್ತೆ. ನಾಲ್ಕನ್ನೂ ಪಕ್ಕಪಕ್ಕ ಇಟ್ಟು ಓದಬೇಕು. ಫ್ರೇಮಿನಲ್ಲಿ ಒಂದು ಅಡಿಪಟ್ಟಿ ಇರಲಿ.

ಮೂರು ಆಯಾಮದ ಮಾದರಿ ಬೇಕಿದ್ದರೆ ಮೋಡದ ದಿನ ನೋಡಿ 100–150 ಫೋಟೋ ತೆಗೀರಿ. ಹಿಂದಿನ ಫೋಟೋದಲ್ಲಿ ಕಂಡದ್ದರ ಮುಕ್ಕಾಲು ಪಾಲು ಮುಂದಿನದರಲ್ಲೂ ಕಾಣಬೇಕು. ಝೂಮ್ ಬದಲಿಸಬೇಡಿ, ಫ್ಲಾಶ್ ಹಾಕಬೇಡಿ. ಈ ಫೋಟೋಗಳನ್ನು ಜೋಡಿಸಿ ಮಾದರಿ ಮಾಡೋಕೆ ಮೆಶ್‌ರೂಮ್ ಅನ್ನೋ ಉಚಿತ ತಂತ್ರಾಂಶ ಇದೆ, ಆದರೆ ಎನ್‌ವಿಡಿಯಾ ಗ್ರಾಫಿಕ್ಸ್ ಕಾರ್ಡ್ ಇರೋ ಕಂಪ್ಯೂಟರ್ ಕೇಳುತ್ತೆ. ಮಾದರಿ ಬಂದ ಮೇಲೆ ಬಣ್ಣದ ಪದರ ಆಫ್ ಮಾಡಿ ಬರೀ ಆಕಾರ ನೋಡಿ. ನಿಮ್ಮ ನೀಲಿ, ಕೆಂಪು ಎರಡೂ ಅಲ್ಲೇ ಹೋಯ್ತು. ಓದೋಕೆ ಪೇಂಟ್ ಕೆರೆಯೋ ಅಗತ್ಯವೇ ಇಲ್ಲ.

ಬೆಂಗಳೂರಿನ ಮಿಥಿಕ್ ಸೊಸೈಟಿ (ಇತಿಹಾಸ ಸಂಶೋಧನೆಯ ಸಂಸ್ಥೆ) 2021ರಿಂದ ಬೆಂಗಳೂರು ಸುತ್ತಲಿನ ಶಾಸನಗಳನ್ನು ಸ್ಕ್ಯಾನ್ ಮಾಡಿ ಮಾದರಿಗಳನ್ನು ಎಲ್ಲರಿಗೂ ತೆರೆದಿಟ್ಟಿದೆ. ನಿಮ್ಮ ಕಲ್ಲು ಆಗಲೇ ಅಲ್ಲಿದ್ದರೂ ಇರಬಹುದು, ಮೊದಲು ನೋಡಿ.

ಅಚ್ಚುಕಾಗದ
ಓರೆಬೆಳಕು ಅವರ ಮಾತು ಸರಿ, ಆದರೆ ಅಚ್ಚನ್ನು, ಅಂದರೆ ಒದ್ದೆ ಕಾಗದ ಅಂಟಿಸಿ ಮಸಿ ತಟ್ಟಿ ಕಲ್ಲಿನ ಅಕ್ಷರ ಇಳಿಸಿಕೊಳ್ಳೋದನ್ನು ಮರೆತರು. ಊರ ಜನ ಕಂಪ್ಯೂಟರ್ ಪರದೆ ಸುತ್ತ ಕೂರಲ್ಲ. ಆಳುದ್ದ ಕಾಗದದ ಮೇಲೆ ಕರಿ ನೆಲದಲ್ಲಿ ಬಿಳಿ ಅಕ್ಷರ ಮೂಡಿದ್ದು ಕಂಡರೆ ಕೂರ್ತಾರೆ.

ಬೇಕಾಗೋದು ಮ್ಯಾಪ್‌ಲಿತೋ ಕಾಗದ (ಹೊಳಪಿನದು ಬೇಡ), ಬಿರುಸು ಕೂದಲಿನ ದಪ್ಪ ಬ್ರಷ್, ಬಕೆಟ್ ನೀರು, ಮಸಿ, ಹತ್ತಿ ತುಂಬಿದ ಬಟ್ಟೆಯ ಉಂಡೆ. ಕಲ್ಲನ್ನು ಬರೀ ನೀರು ಹಾಕಿ ತೊಳೆದು, ಅಕ್ಷರದೊಳಗಿನ ಮಣ್ಣನ್ನು ಬಿದಿರು ಕಡ್ಡಿಯಿಂದ ಮೆಲ್ಲಗೆ ಬಿಡಿಸಿ. ಕಬ್ಬಿಣದ್ದು ಯಾವುದೂ ತಾಗಬಾರದು. ಕಾಗದ ನೆನೆಸಿ, ನಾಲ್ಕು ಮೂಲೆ ಹಿಡಿದು ಕಲ್ಲಿಗೆ ಅಂಟಿಸಿ. ನಡುವಿನಿಂದ ಅಂಚಿನ ಕಡೆಗೆ ಬ್ರಷ್ಷಿನಲ್ಲಿ ತಟ್ಟುತ್ತಾ ಗಾಳಿಗುಳ್ಳೆ ಹೊರಗೆ ತಳ್ಳಬೇಕು. ಅಂಚಿಂದ ಶುರು ಮಾಡಿದರೆ ಗುಳ್ಳೆ ನಡುವೆ ಸಿಕ್ಕಿಕೊಂಡು ಅಲ್ಲಿನ ಅಕ್ಷರ ಬರಲ್ಲ. ಆಳವಾದ ಅಕ್ಷರದಲ್ಲಿ ಕಾಗದ ಹರಿಯುತ್ತೆ. ಹೆದರಬೇಡಿ, ಒದ್ದೆ ತುಂಡೊಂದನ್ನು ಅದರ ಮೇಲಿಟ್ಟು ಮತ್ತೆ ತಟ್ಟಿ, ಕೂಡಿಕೊಳ್ಳುತ್ತೆ.

ಮಸಿ ಯಾವಾಗ ಹಚ್ಚೋದು ಅನ್ನೋದರಲ್ಲೇ ಎಲ್ಲ ಇದೆ. ಕಾಗದದ ಹಸಿ ಹೊಳಪು ಹೋಗಿ ಮಂಕಾಗಬೇಕು, ಆದರೆ ಅಂಚು ಏಳಬಾರದು. ಇನ್ನೂ ನೀರಿದ್ದರೆ ಮಸಿ ಅಕ್ಷರದೊಳಗೆ ಹರಡಿ ಎಲ್ಲ ಕರಿ. ಒಣಗಿಬಿಟ್ಟರೆ ಕಾಗದ ಸಡಿಲಾಗಿ ಗೆರೆ ಎರಡೆರಡಾಗುತ್ತೆ. ಉಂಡೆಯನ್ನು ಮಸಿಯಲ್ಲಿ ಅದ್ದಬೇಡಿ. ಹಲಗೆಯೊಂದರ ಮೇಲೆ ಮಸಿ ಸವರಿ, ಉಂಡೆಯನ್ನು ಅದಕ್ಕೆ ಒತ್ತಿ, ಒಮ್ಮೆ ರದ್ದಿ ಕಾಗದಕ್ಕೆ ತಟ್ಟಿ ಆಮೇಲೆ ಅಚ್ಚಿಗೆ ತಟ್ಟಿ. ಒರೆಸೋ ಹಾಗಿಲ್ಲ, ಬರೀ ತಟ್ಟೋದು. ಮೂರು ಸುತ್ತು ತೆಳುವಾಗಿ. ಬಿಸಿಲಿಗೂ ಗಾಳಿಗೂ ಮುಂಚೆ, ಬೆಳಿಗ್ಗೆಯೇ ಮುಗಿಸಿ.

ನಿಮ್ಮ ಕಲ್ಲಿಗೆ ಒಂದು ಅಡ್ಡಿ ಇದೆ. ಗಂಗರ ಕಾಲದ ಅಕ್ಷರ ಆಳವಿಲ್ಲದೆ ಕೊರೆದದ್ದಾದರೆ, ನಾಲ್ಕೈದು ವರ್ಷದ ಎನಾಮಲ್ ಪದರವೇ ಅದನ್ನು ತುಂಬಿಬಿಟ್ಟಿರುತ್ತೆ. ಅಂಥ ಕಡೆ ಅಚ್ಚು ಬರಲ್ಲ, ಓರೆ ಬೆಳಕೇ ಗತಿ. ಉಬ್ಬುಶಿಲ್ಪದ ಮೇಲಂತೂ ಅಚ್ಚಿನ ಗೋಜಿಗೆ ಹೋಗಬೇಡಿ.

ಬಳಪದಕಲ್ಲು
ಒಂದ್ ಮಾತ್ ಸೇರಸ್ತೀನ್ರಿ. ನಿಮ್ ಕಡೆ ಕಲ್ಲು ಗಟ್ಟಿ, ಅಚ್ಚು ತಡಕೋತೈತಿ. ನಮ್ ಹಾವೇರಿ, ಧಾರವಾಡ ಕಡೆ ವೀರಗಲ್ಲು ಭಾಳಷ್ಟು ಪದರು ಪದರು ಏಳೋ ಮೆತ್ತನ ಕಲ್ಲು. ಬ್ರಷ್ಷಿಲೆ ಬಡದ್ರ ಹಕ್ಕಳಿ ಕಾಗದದ ಜೋಡಿನ ಕಿತ್ ಬರ್ತೈತಿ. ಬೆರಳಿಲೆ ಮೆಲ್ಲಕ ತಟ್ಟಿ ನೋಡ್ರಿ, ಟೊಳ್ಳ ಸಪ್ಪಳ ಬಂತಂದ್ರ ಅಚ್ಚಿನ ಉಸಾಬರಿ ಬಿಡ್ರಿ. ಇದನ್ನ ಓದಿ ಯಾರರ ನಮ್ ಕಡೆ ಮಾಡಾಕ್ ಹ್ವಾದಾರು ಅಂತ ಬರದೆ.

ಕೋಡಿನೀರು
ಪೇಂಟ್ ತೆಗೆಯೋ ಬಗ್ಗೆ ಯಾರೂ ಹೇಳಲಿಲ್ಲ. ಊರಲ್ಲಿ ಒಬ್ಬರು ಟೈಲ್ಸ್ ತೊಳೆಯೋ ಆಸಿಡ್ ಹಾಕಿದ್ರೆ ಹೊಸದರ ಹಾಗೆ ಆಗುತ್ತೆ ಅಂತಿದ್ದಾರೆ.

ಸುಣ್ಣಗಾರೆ
ಆಸಿಡ್ ಬಾಟಲಿ ಕಲ್ಲಿನ ಹತ್ತಿರವೂ ಬರಬಾರದು. ಅದಕ್ಕೆ ಎನಾಮಲ್ ಸರಿಯಾಗಿ ಹೋಗೋದೂ ಇಲ್ಲ. ಗ್ರಾನೈಟಿನಲ್ಲಿರೋ ಕರಿ ಅಭ್ರಕದ ಚೂರಿಗೆ ಆಸಿಡ್ ತಾಗಿದರೆ ಕಬ್ಬಿಣದ ಅಂಶ ಬಿಟ್ಟುಕೊಂಡು ಕೆಲವು ತಿಂಗಳಲ್ಲೇ ಹಳದಿ ತುಕ್ಕುಕಲೆ ಏಳುತ್ತೆ. ಒಳಗೆ ಉಳಿದ ಉಪ್ಪು ಮಳೆ ಬಿಸಿಲಿಗೆ ಅರಳಿ ಮೈಯನ್ನೇ ಪುಡಿ ಮಾಡುತ್ತೆ. ತಂತಿ ಬ್ರಷ್, ಗ್ರೈಂಡರ್, ಕಾರು ತೊಳೆಯೋ ಪ್ರೆಷರ್ ಪಂಪ್, ಬ್ಲೋ ಲ್ಯಾಂಪ್ ಯಾವುದೂ ಬೇಡ. ಬೆಂಕಿ ತಾಗಿದ ಗ್ರಾನೈಟ್ ಚಕ್ಕೆ ಏಳುತ್ತೆ; ಕಲ್ಲು ಒಡೆಯೋರು ಬಂಡೆಗೆ ಬೆಂಕಿ ಹಾಕ್ತಿದ್ದದ್ದು ಅದಕ್ಕೇ.

ಎಣ್ಣೆ, ಅರಿಶಿನ, ಕುಂಕುಮದ ಜಿಡ್ಡು ಮಾತ್ರ ಇದ್ದರೆ ಉಗುರುಬೆಚ್ಚಗಿನ ನೀರು, ತೀರಾ ತೆಳುವಾದ ಸೋಪಿನ ನೀರು, ಮೆತ್ತನೆ ನೈಲಾನ್ ಬ್ರಷ್ ಸಾಕು. ಅಕ್ಷರ ಇಲ್ಲದ ಮೂಲೆಯಲ್ಲಿ ಎರಡು ಇಂಚು ಜಾಗದಲ್ಲಿ ಮೊದಲು ಮಾಡಿ, ಒಣಗಿಸಿ, ಮರುದಿನ ನೋಡಿ. ಎನಾಮಲ್ ಮಾತ್ರ ಪುರಾತತ್ವ ಇಲಾಖೆಯ ಸಂರಕ್ಷಣೆಯವರ ಕೆಲಸ, ಅವರಿಗೆ ಪತ್ರ ಬರೀರಿ. ಬರೋ ತನಕ ಇರಲಿ ಬಿಡಿ, ಪೇಂಟ್ ಕಲ್ಲನ್ನು ತಿನ್ನಲ್ಲ. ಮುಂದಿನ ವರ್ಷ ಇನ್ನೊಂದು ಕೋಟು ಬೀಳದ ಹಾಗೆ ನೋಡಿಕೊಂಡರೆ ಅಷ್ಟೇ ದೊಡ್ಡದು.

ಇನ್ನು ಕಲ್ಲು ಸಾಗಿಸೋ ವಿಷಯ. ಲೆಕ್ಕ ಹಾಕಿ ನೋಡಿ: 6 ಅಡಿ ಎತ್ತರ, ಮೂರೂವರೆ ಅಡಿ ಅಗಲ, 8 ಇಂಚು ದಪ್ಪ ಅಂದರೆ ಸುಮಾರು 0.4 ಘನ ಮೀಟರ್. ಗ್ರಾನೈಟ್ ಘನ ಮೀಟರಿಗೆ 2.7 ಟನ್ ತೂಗುತ್ತೆ. ಅಲ್ಲಿಗೆ ಒಂದು ಟನ್ ಆಯ್ತು, ಅದೂ ನೆಲದ ಮೇಲೆ ಕಾಣೋದಷ್ಟೇ. ಒಳಗೆ ಇನ್ನೂ ಒಂದೂವರೆ ಎರಡು ಅಡಿ ಹೂತಿರುತ್ತೆ. ಜೆಸಿಬಿ ಬಕೆಟ್ಟಿಗೆ ಸರಪಳಿ ಕಟ್ಟಿ ಎಳೆದರೆ ನೆಲಮಟ್ಟದಲ್ಲಿ ಪಟ್ ಅಂತ ಮುರಿಯುತ್ತೆ. ಮುರಿದ ವೀರಗಲ್ಲುಗಳಲ್ಲಿ ಎಷ್ಟೋ ಅಲ್ಲೇ ಮುರಿದಿರೋದು.

ಚರಂಡಿಗೋ ರಸ್ತೆಗೋ ಬಲಿಯಾಗೋ ಹಾಗಿದ್ದರೆ ಮಾತ್ರ, ಅದೂ ಇಲಾಖೆಗೆ ತಿಳಿಸಿಯೇ ಎತ್ತಬೇಕು. ಸುತ್ತ ಕೈಯಿಂದಲೇ ಅಗೆದು, ಅಗಲವಾದ ನೈಲಾನ್ ಬೆಲ್ಟ್ ಎರಡು ಕಡೆ ಹಾಕಿ, ಬೆಲ್ಟಿಗೂ ಕಲ್ಲಿಗೂ ನಡುವೆ ಗೋಣಿಚೀಲ ಕೊಟ್ಟು, ಕ್ರೇನಿನಲ್ಲಿ ನೆಟ್ಟಗೆ ಮೇಲಕ್ಕೆ. ನಿಮ್ಮ ಕಲ್ಲಿಗೆ ಅಂಥ ಅಪಾಯ ಏನೂ ಕಾಣ್ತಿಲ್ಲ. ಅಲ್ಲೇ ಬಿಡಿ.

ಅರಳಿಕಟ್ಟೆ
ಸಾಗಿಸಬಾರದು ಅನ್ನೋದಕ್ಕೆ ತೂಕಕ್ಕಿಂತ ದೊಡ್ಡ ಕಾರಣ ಇದೆ. ವೀರಗಲ್ಲು ನಿಂತ ಜಾಗವೂ ಶಾಸನದ ಒಂದು ಸಾಲೇ. ತುರುಗೊಳ್‌ನಲ್ಲಿ (ದನ ದೋಚೋರ ಜೊತೆ ಕಾಳಗ) ಸತ್ತವನೋ, ಊರಳಿವಿನಲ್ಲಿ (ಊರ ಮೇಲಿನ ದಾಳಿ) ಸತ್ತವನೋ, ಕೆರೆಗಾಗಿ ಸತ್ತವನೋ ಅನ್ನೋದಕ್ಕೆ ಏರಿ, ಹಳೇ ಊರಬಾಗಿಲು, ದನ ಹೋಗೋ ದಾರಿ ಇವೇ ಸಾಕ್ಷಿ. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ಕಾಳಿ ಅನ್ನೋ ನಾಯಿ ಹಂದಿಯ ಜೊತೆ ಕಾದಾಡಿ ಸತ್ತದ್ದನ್ನು ಹೇಳೋ ಕಲ್ಲು, ಸುಮಾರು 950ರದ್ದು, ಈಗ ಬೆಂಗಳೂರಿನ ಸರ್ಕಾರಿ ಮ್ಯೂಸಿಯಮ್ಮಿನಲ್ಲಿದೆ. ಕಲ್ಲು ಭದ್ರವಾಗಿದೆ, ಸರಿ. ಊರಿಗೆ ಮಾತ್ರ ತನ್ನ ನಾಯಿ ಇಲ್ಲ.

ಇದಕ್ಕೆ ಎದುರು ಬೆಂಗಳೂರಿನ ಹೆಬ್ಬಾಳದ ಕಿತ್ತಯ್ಯನ ಕಲ್ಲು. ಗಂಗ ದೊರೆ ಶ್ರೀಪುರುಷನ ಕಾಲದ್ದು, ಸುಮಾರು 750. ರಟ್ಟವಾಡಿಯವರು ದಂಡೆತ್ತಿ ಬಂದಾಗ ಕಾದಿ ಸತ್ತವನು. 2018ರಲ್ಲಿ ಚರಂಡಿ ಅಗೆಯುವಾಗ ಸಿಕ್ಕಿತು. ಸುತ್ತಲಿನ ಜನ, ಶಾಸನದ ಆಸಕ್ತರು ಸೇರಿ ಹೆಬ್ಬಾಳದಲ್ಲೇ ಅದಕ್ಕೊಂದು ಮಂಟಪ ಮಾಡಿದರು. ಅಪಾರ್ಟ್‌ಮೆಂಟುಗಳ ನಡುವೆ ಎಂಟನೇ ಶತಮಾನದ ಒಬ್ಬ ಆಳಿಗೆ ಇವತ್ತು ವಿಳಾಸ ಇದೆ.

ಈಗ ಸಭೆಯ ಬಗ್ಗೆ. ಪಂಚಾಯಿತಿ ಹಾಲಿನಲ್ಲಿ ಕುರ್ಚಿ ಹಾಕಿ ಸಭೆ ಮಾಡಿದರೆ ಬರೋದು ಸಂಘದವರು ಹತ್ತು ಜನ. ಸಂಜೆ ಕಲ್ಲಿನ ಹತ್ತಿರವೇ ಮಾಡಿ. ಗ್ರಾಮ ನಕ್ಷೆ ನೆಲದ ಮೇಲೆ ಹಾಸಿ ಹಿರಿಯರನ್ನು ಹೊಲಗಳ ಹೆಸರು ಕೇಳಿ. ಮಾಸ್ತಿಗುಂಡಿ, ಬೀರನ ತೋಪು, ಕಲ್ಲುಹೊಲ ಅಂತ ಸರ್ವೆ ನಂಬರ್ ಪಕ್ಕ ಬರೀತಾ ಹೋಗಿ. ಇನ್ನೂ ಎರಡು ಮೂರು ಕಲ್ಲು ಹೀಗೇ ಹೊರಬೀಳುತ್ತವೆ. ಒಂದು ಯಾರದೋ ಹಿತ್ತಿಲಲ್ಲಿ ಬಟ್ಟೆ ಒಗೆಯೋ ಚಪ್ಪಡಿ ಆಗಿರುತ್ತೆ. ಹೆಂಗಸರಿಗೆ ಬೇರೆಯಾಗಿ ಕೇಳಿ. ಯಾವ ಕಲ್ಲಿಗೆ ಯಾವತ್ತು ಏನು ಎಡೆ ಅನ್ನೋದು ಅವರಿಗೇ ಗೊತ್ತಿರೋದು.

ಎರಡು ಜಗಳ ಬಂದೇ ಬರುತ್ತೆ. ಒಂದು, ‘ನಮ್ಮ ಮುನೇಶ್ವರನನ್ನು ಬರೀ ಸತ್ತವನ ಕಲ್ಲು ಅಂತೀರಾ?’ ಅನ್ನೋದು. ವಾದಕ್ಕೆ ಇಳಿಯಬೇಡಿ. ಪೂಜೆ ಇರೋದರಿಂದಲೇ ಆ ಕಲ್ಲು ಉಳಿದಿದೆ, ಪೂಜೆ ತಪ್ಪಿದ್ದು ಮೋರಿಗೆ ಹಾಸುಗಲ್ಲಾಗಿದೆ. ಬೋರ್ಡಿನಲ್ಲಿ ಎರಡೂ ಬರೀರಿ: ಊರವರು ಮುನೇಶ್ವರ ಎಂದು ಪೂಜಿಸುತ್ತಾರೆ, ಶಾಸನ ಹೀಗೆ ಹೇಳುತ್ತದೆ. ಎರಡು, ‘ವೀರ ನಮ್ಮ ಜಾತಿಯವನು’ ಅನ್ನೋದು. ಕಲ್ಲಿನಲ್ಲಿ ಇಲ್ಲದ ಜಾತಿ ಬೋರ್ಡಿನಲ್ಲೂ ಗೋಡೆ ಮೇಲೂ ಬರಬಾರದು ಅಂತ ಮೊದಲ ದಿನವೇ ಬರವಣಿಗೆಯಲ್ಲಿ ಒಪ್ಪಂದ ಆಗಲಿ. ಗೋಡೆಚಿತ್ರ ಶುರುವಾದ ಮೇಲೆ ಈ ಜಗಳ ಬಂದರೆ ಅರ್ಧ ಗೋಡೆಗೆ ಸುಣ್ಣ ಬೀಳುತ್ತೆ.

ಸುಣ್ಣಗಾರೆ
ಮಂಟಪ ಕಟ್ಟೋದಾದರೆ ನಾಲ್ಕು ಕಂಬ, ಗೋಡೆ ಬೇಡ. ಕಲ್ಲಿನ ಸುತ್ತ ಮೂರು ಅಡಿ ಬಿಡಿ, ಹಿಂದುಗಡೆಯೂ. ಹಿಂದೆ ಅಕ್ಷರ ಇದ್ದ ಕಲ್ಲುಗಳಿವೆ, ಗೋಡೆಗೆ ಒರಗಿಸಿದರೆ ಅದು ಶಾಶ್ವತವಾಗಿ ಹೋಯ್ತು. ಸೂರು ಎರಡಡಿ ಹೊರಗೆ ಚಾಚಿರಲಿ, ನೆಲದ ವಾಟ ಹೊರಮುಖವಾಗಿರಲಿ. ಬುಡಕ್ಕೆ ಕಾಂಕ್ರೀಟ್ ಸುರಿಯೋದು ಎಲ್ಲ ಊರಲ್ಲೂ ಆಗೋ ತಪ್ಪು: ಸಿಮೆಂಟಿನ ಉಪ್ಪು ಕಲ್ಲಿಗೆ ಏರುತ್ತೆ, ಕೆಳಗಿನ ಪಟ್ಟಿಕೆಯ (ಕೆತ್ತನೆಯ ಅಡ್ಡಸಾಲು) ಶಿಲ್ಪ ಮುಚ್ಚಿಹೋಗುತ್ತೆ, ಮುಂದೆ ಎತ್ತೋಕೂ ಆಗಲ್ಲ. ಬುಡದ ಸುತ್ತ ಒಂದಡಿ ಬರೀ ಮರಳು, ಜಲ್ಲಿ ಇರಲಿ. ಟೈಲ್ಸಂತೂ ಬೇಡವೇ ಬೇಡ.

ಏರಿಯ ಬುಡ ಅಂದಿರಿ. ಕಂಬಕ್ಕೆ ಗುಂಡಿ ತೋಡೋ ಮುಂಚೆ ಕೆರೆ ಯಾವ ಇಲಾಖೆಯ ಸುಪರ್ದಿಯಲ್ಲಿದೆ ಅಂತ ಕೇಳಿ ಅವರ ಒಪ್ಪಿಗೆ ತಗೊಳ್ಳಿ, ಏರಿ ಕಡಿಯೋ ಹಾಗಿಲ್ಲ. ಹತ್ತಿರದಲ್ಲಿ ಕೇಂದ್ರದ ಪುರಾತತ್ವ ಇಲಾಖೆಯ ಸಂರಕ್ಷಿತ ಸ್ಮಾರಕ ಇದ್ದರೆ 100 ಮೀಟರ್ ಒಳಗೆ ಹೊಸದು ಕಟ್ಟೋದು ನಿಷೇಧ, ಅದರಾಚೆ 200 ಮೀಟರ್ ವರೆಗೆ ಅನುಮತಿ ಬೇಕು. ಅಗೆಯುವಾಗ ನೆಲದಲ್ಲಿ ಏನಾದರೂ ಸಿಕ್ಕರೆ ತಹಶೀಲ್ದಾರರಿಗೆ ತಿಳಿಸಿ, ಮನೆಗೆ ಒಯ್ದರೆ ಅಪರಾಧ.

ಗೋಡೆಬಣ್ಣ
30 ಅಡಿ ಗೋಡೆ, 6 ಅಡಿ ಎತ್ತರ ಅಂತ ಹಿಡಿದರೆ 180 ಚದರ ಅಡಿ. ಹೊಸ ಸಿಮೆಂಟ್ ಗಿಲಾವಾದರೆ 28 ದಿನ ಕಾಯಿರಿ, ಇಲ್ಲದಿದ್ದರೆ ಸುಣ್ಣದ ಕ್ಷಾರಕ್ಕೆ ಕೆಂಪು, ಹಳದಿ ಎಲ್ಲ ಬೆಳ್ಳಗಾಗುತ್ತೆ. ಹಳೇ ಗೋಡೆಯಾದರೆ ಉಪ್ಪು ಅರಳಿದ ಕಡೆ ಒಣ ಬ್ರಷ್ಷಿನಿಂದ ಉದುರಿಸಿ, ಸಡಿಲ ಗಿಲಾವು ಕೆತ್ತಿ ಹೊಸದು ಹಾಕಿಸಿ. ನೆಲದಿಂದ ಒಂದೂವರೆ ಅಡಿ ಚಿತ್ರವೇ ಬೇಡ. ತೇವ ಏರೋದೂ ಅಷ್ಟೇ ಎತ್ತರ, ಮಳೆ ಕೆಸರು ಸಿಡಿಯೋದೂ ಅಷ್ಟೇ. ಅಲ್ಲಿಗೆ ಕೆಮ್ಮಣ್ಣಿನ ಬಣ್ಣದ ಪಟ್ಟಿ ಸಾಕು. ಪ್ರೈಮರ್ ಎರಡು ಲೀಟರ್, ತಳಬಣ್ಣಕ್ಕೆ ಹೊರಗೋಡೆಯ ಎಮಲ್ಷನ್ ಎರಡು ಸಲ ಬಳಿಯೋಕೆ ನಾಲ್ಕು ಲೀಟರ್. ಚಿತ್ರಕ್ಕೆ ಅದೇ ಬಿಳಿ ಎಮಲ್ಷನ್ನಿಗೆ ಬಣ್ಣ ಕೊಡೋ ಸ್ಟೈನರ್ ಬೆರೆಸಿ ಐದು ಬಣ್ಣ ಮಾಡಿಕೊಳ್ಳಿ. ಪ್ರತಿ ಬಣ್ಣವನ್ನೂ ಒಂದೇ ಸಲಕ್ಕೆ ಪೂರ್ತಿ ಕಲಸಿ, ಅರ್ಧದಲ್ಲಿ ಮುಗಿದರೆ ಅದೇ ಛಾಯೆ ಮತ್ತೆ ಬರಲ್ಲ.

ಇನ್ನು ಚಿತ್ರ. ವೀರಗಲ್ಲನ್ನು ಓದೋದು ಕೆಳಗಿಂದ ಮೇಲಕ್ಕೆ. ಸಾಮಾನ್ಯವಾಗಿ ಕೆಳಪಟ್ಟಿಕೆಯಲ್ಲಿ ಕಾಳಗ, ನಡುವೆ ಅಪ್ಸರೆಯರು ವೀರನನ್ನು ಕರೆದೊಯ್ಯೋದು, ಮೇಲೆ ಅವನು ಲಿಂಗದ ಮುಂದೆ ಕೂತಿರೋದು, ತುದಿಗೆ ಸೂರ್ಯ ಚಂದ್ರ. ಚಿತ್ರಕಾರರು ಇದನ್ನು ಕಾಮಿಕ್ಸಿನ ಹಾಗೆ ಎಡದಿಂದ ಬಲಕ್ಕೆ ಬಿಡಿಸಿಟ್ಟರೆ ಸ್ವರ್ಗ ಹೋಗಿ ಗೋಡೆಯ ಬಲತುದಿಗೆ, ಶಾಲೆಯ ಗೇಟಿಗೆ ಅಂಟಿಕೊಳ್ಳುತ್ತೆ! ಗೋಡೆ ಉದ್ದವಾಗಿದೆ ಅಂತ ಕಥೆ ಎಳೀಬೇಡಿ. ನಡುವೆ 6 ಅಡಿ ಅಗಲದಲ್ಲಿ ಕಲ್ಲಿನ ಪಟ್ಟಿಕೆಗಳನ್ನು ಮೇಲೆ ಮೇಲೆ ಬರೀರಿ. ಎಡಬಲದಲ್ಲಿ ಅರಳಿಕಟ್ಟೆ ಅವರು ಹೇಳಿದ ನಕ್ಷೆ: ಕೆರೆ, ಹೊಲದ ಹೆಸರುಗಳು, ಸಿಕ್ಕ ಕಲ್ಲುಗಳ ಜಾಗ. ನೀವು ಒಂದೇ ಪಟ್ಟಿಕೆ ಅಂತ ಹೇಳಿದ ಹಾಗಿದೆ. ಗಂಗರ ಕಾಲದ ಎಷ್ಟೋ ಕಲ್ಲು ಹಾಗೇ ಇರುತ್ತವೆ. ಇಲ್ಲದ ಅಪ್ಸರೆಯರನ್ನು ಸೇರಿಸಬೇಡಿ.

ಕಲ್ಲಿನ ಫೋಟೋ ಮೇಲೆ ಪಾರದರ್ಶಕ ಹಾಳೆ ಇಟ್ಟು ಮಕ್ಕಳೇ ಗೆರೆ ಎತ್ತಲಿ. ತುರುಬು ಎಲ್ಲಿದೆ, ಕಠಾರಿ ಯಾವ ಸೊಂಟಕ್ಕೆ, ಎದುರಾಳಿ ಎಷ್ಟು ಜನ ಅಂತ ಆಗ ನೋಡ್ತಾರೆ. ನೋಡದೆ ಬರೆದರೆ ಪೇಂಟರ್ ಒಂದು ಸಿನಿಮಾ ಹೀರೋ ಮಾಡಿ, ಮೀಸೆ ಇಟ್ಟು, ಕುದುರೆ ಹತ್ತಿಸಿಬಿಡ್ತಾನೆ. ಆ ಹಾಳೆಗೆ ಚೌಕ ಎಳೆದು, ಗಾರೆಯವರು ದಾರಕ್ಕೆ ಕೆಮ್ಮಣ್ಣು ಸವರಿ ಹೊಡೆಯೋ ಹಾಗೆ ಗೋಡೆ ಮೇಲೂ ಒಂದಡಿ ಚೌಕ ಹೊಡೀರಿ. ಹೊರಗೆರೆ ಇಬ್ಬರೇ ಎಳೀಲಿ. ಬಣ್ಣ ತುಂಬೋಕೆ ಒಂದು ಸಲಕ್ಕೆ ಎಂಟು ಮಕ್ಕಳು, ತಲಾ ಮೂರಡಿ. ನಲವತ್ತು ಮಕ್ಕಳನ್ನು ಒಟ್ಟಿಗೆ ಬಿಟ್ಟರೆ ಫೋಟೋ ಚೆನ್ನಾಗಿ ಬರುತ್ತೆ, ಗೋಡೆ ಬರಲ್ಲ.

ಕೋಡಿನೀರು
ಹಸೆ ಚಿತ್ತಾರದ ಶೈಲಿಯಲ್ಲಿ ಮಾಡಿಸೋಣ ಅಂತ ಡ್ರಾಯಿಂಗ್ ಮೇಷ್ಟ್ರು ಹೇಳ್ತಿದ್ದಾರೆ.

ಗೋಡೆಬಣ್ಣ
ಹಸೆ ಚಿತ್ತಾರ ಸಾಗರ, ಸೊರಬ ಕಡೆಯ ದೀವರ ಹೆಣ್ಣುಮಕ್ಕಳ ಕಲೆ. ಮದುವೆ ಮನೆಯ ಗೋಡೆಗೆ ಕೆಮ್ಮಣ್ಣು ಬಳಿದು, ಅಕ್ಕಿಹಿಟ್ಟಿನ ಬಿಳಿ, ಹುರಿದು ಸೀಯಿಸಿದ ಅಕ್ಕಿಯ ಕಪ್ಪು, ಗುರಿಗೆ ಕಾಯಿಯ ಹಳದಿ, ಪುಂಡಿನಾರಿನ ಕುಂಚದಲ್ಲಿ ಬರೆಯೋದು. ಅದಕ್ಕೆ ಅದರದೇ ಅರ್ಥ, ಅದರದೇ ಹಾಡು ಇದೆ. ಅಂಚಿನ ಅಲಂಕಾರಕ್ಕೆ ಅಂತ ಅದನ್ನು ಹೊಸಕೋಟೆಗೆ ತರೋದು ನನಗೆ ಒಪ್ಪಿಗೆ ಇಲ್ಲ. ನಿಮ್ಮೂರ ಅಜ್ಜಿಯರು ಬಾಗಿಲ ಮುಂದೆ ಇಡೋ ಎಳೆ ರಂಗೋಲಿ ಯಾಕೆ ಬೇಡ?

ಅಚ್ಚುಕಾಗದ
ಮಕ್ಕಳ ವಿಷಯಕ್ಕೆ ಒಂದು. ಅಚ್ಚು ತೆಗೆಯೋದನ್ನು ಮೂಲ ಕಲ್ಲಿನ ಮೇಲೆ ಕಲಿಸಬೇಡಿ. ಪ್ಲಾಸ್ಟರ್ ಆಫ್ ಪ್ಯಾರಿಸಿನಲ್ಲಿ ಒಂದಡಿ ಚೌಕದ ಹಲಗೆ ಎರೆದು, ಪೂರ್ತಿ ಗಟ್ಟಿಯಾಗೋ ಮುಂಚೆ ಶಾಸನದ ಒಂದು ಸಾಲನ್ನು ಹಳೇ ಲಿಪಿಯಲ್ಲೇ ಮೊಳೆಯಿಂದ ಕೊರೀರಿ. ಪೂರ್ತಿ ಒಣಗಿಸಿ ಮರದ ಪಾಲಿಶ್ ಎರಡು ಕೋಟು ಕೊಡಿ. ಇಲ್ಲದಿದ್ದರೆ ಪ್ಲಾಸ್ಟರ್ ನೀರು ಹೀರಿ ಕಾಗದ ಏಳೋದೇ ಇಲ್ಲ. ನಾಲ್ಕು ಹಲಗೆ ಇದ್ದರೆ ಒಂದು ತರಗತಿಗೆ ಸಾಕು.

ಓರೆಬೆಳಕು
ಬೋರ್ಡಿಗೆ: ಫ್ಲೆಕ್ಸ್ ಬೇಡ, ಒಂದೆರಡು ಮಳೆಗಾಲಕ್ಕೆ ಮಾಸಿಹೋಗುತ್ತೆ. ಬೇರೆ ಕಲ್ಲುಚಪ್ಪಡಿಯಲ್ಲಿ ಕೆತ್ತಿಸಿ, ಮಂಟಪದ ಹೊರಗೆ ನಿಲ್ಲಿಸಿ. ಮೊದಲು ಶಾಸನದ ಪಾಠ, ಕಲ್ಲಿನಲ್ಲಿದ್ದ ಹಾಗೇ ಸಾಲಿಗೆ ಸಾಲು ಇಂದಿನ ಲಿಪಿಯಲ್ಲಿ. ಆಮೇಲೆ ನಾಲ್ಕು ವಾಕ್ಯದಲ್ಲಿ ತಾತ್ಪರ್ಯ, ಕಾಲ, ಎಪಿಗ್ರಾಫಿಯಾ ಕರ್ನಾಟಿಕಾದ ಸಂಖ್ಯೆ. ಶಕ ವರ್ಷ ಇದ್ದರೆ ಇಂದಿನ ಇಸವಿಗೆ ತರೋಕೆ 78 ಸೇರಿಸಿ. ತಿಂಗಳು ವರ್ಷದ ಕೊನೆಯದಾದರೆ, ಮಾಘ ಫಾಲ್ಗುಣ ಅಂದ್ಕೊಳ್ಳಿ, 79. ಶಕ ಇಲ್ಲದೆ ಬರೀ ರಾಜನ ಹೆಸರಿದ್ದರೆ ‘ಸುಮಾರು’ ಅಂತಲೇ ಬರೀರಿ. ಊರಿಗೆ ವಯಸ್ಸು ಹೆಚ್ಚಿಸೋ ಆಸೆಗೆ ನೂರು ವರ್ಷ ಹಿಂದಕ್ಕೆ ತಳ್ಳೋದು ಕಂಡಿದ್ದೇವೆ.

ಇನ್ನೊಂದು, ಕೆತ್ತೋ ಅಂಗಡಿಯ ಹಳೇ ಫಾಂಟುಗಳಲ್ಲಿ ಹಳಗನ್ನಡದ ಱ, ೞ ಅಕ್ಷರ ಇರಲ್ಲ. ಕೇಳದೆ ಅದನ್ನು ರ, ಳ ಮಾಡಿ ಕೊರೆದುಬಿಡ್ತಾರೆ. ಯೂನಿಕೋಡಿನಲ್ಲಿ ಟೈಪ್ ಮಾಡಿ, ಅಕ್ಷರಗಳನ್ನು ಕರ್ವ್ (ಫಾಂಟ್ ಬೇಡದ ಬರೀ ಗೆರೆಯ ಆಕಾರ) ಮಾಡಿಸಿದ ಪಿಡಿಎಫ್ ಕೊಡಿ. ಕೊರೆಯೋ ಮುಂಚೆ ಕಾಗದದ ಮೇಲೆ ಅದೇ ಅಳತೆಯ ಪ್ರಿಂಟ್ ತರಿಸಿ ಇಬ್ಬರು ಓದಲಿ.

ಕೋಡಿನೀರು
ಸಂಪುಟದಲ್ಲಿ ಊರ ಹೆಸರು ಸಿಕ್ಕಿತು. ಕಲ್ಲನ್ನು ಅಲ್ಲೇ ಬಿಡೋಕೆ ಸಂಘ ಒಪ್ಪಿದೆ, ಮಂಟಪ ಮುಂದಿನ ವರ್ಷಕ್ಕೆ. ಒಂದು ಗೊಂದಲ: ಮುದ್ರಿತ ಪಾಠದಲ್ಲಿ ಆರು ಸಾಲು, ಟಾರ್ಚ್ ಹಿಡಿದು ನೋಡಿದರೆ ಕಲ್ಲಿನಲ್ಲಿ ಎಂಟು.

ಓರೆಬೆಳಕು
ಹಾಗಾದರೆ ಬೋರ್ಡ್ ನಿಲ್ಲಿಸಿ. ಅಂದು ಪಾಠ ಎತ್ತುವಾಗ ಎರಡು ಸಾಲಿನ ಮೇಲೆ ಸುಣ್ಣವೋ ಜಿಡ್ಡೋ ಕೂತಿರಬಹುದು, ಇಲ್ಲವೇ ನಿಮ್ಮ ಮೂರು ಕಲ್ಲಿನಲ್ಲಿ ಇದು ಸಂಪುಟದ ಕಲ್ಲೇ ಅಲ್ಲದಿರಬಹುದು. ಮುದ್ರಿತ ಮೊದಲ ಸಾಲಿನ ಐದು ಅಕ್ಷರ ನಿಮ್ಮ ಕಲ್ಲಿಗೆ ಹೊಂದುತ್ತಾ ನೋಡಿ. ಉಳಿದೆರಡು ಕಲ್ಲಿನ ಬೆನ್ನು, ಪಕ್ಕದ ಅಂಚುಗಳಿಗೂ ಟಾರ್ಚ್ ಹಿಡೀರಿ. ನಾಲ್ಕೂ ದಿಕ್ಕಿನ ಫೋಟೋಗಳನ್ನು ಕುಗ್ಗಿಸದೆ ಇಲ್ಲಿ ಹಾಕಿ. ಕೊನೆಯ ಎರಡು ಸಾಲಿಗೆ ಕೆಳಗಿನ ಬೆಳಕಿನದು ಇನ್ನೊಂದು ಬೇಕು, ಟಾರ್ಚನ್ನು ನೆಲಕ್ಕೇ ಇಟ್ಟು.